ಅಂಕಿ ಬೆರೆತ ಅರಬ್ಬಿ: ರೋಮನ್ ಲಿಪಿಯ ಹುಡುಕಾಟವನ್ನು ಓದುವ ಬಗೆ

ಅರಬ್ಬಿ ಮಾತನ್ನು ಇಂಗ್ಲಿಷ್ ಅಕ್ಷರಗಳಲ್ಲಿ, ನಡುನಡುವೆ ಅಂಕಿಗಳನ್ನು ಸೇರಿಸಿ ಬರೆಯುವ ರೂಢಿಗೆ ಅರಬೀಝಿ ಎಂದು ಹೆಸರು. ‘ಅರಬಿ’ ಎಂಬ ಪದವೂ ಇಂಗ್ಲಿಷಿಗೆ ಅರಬ್ಬರು ಹೇಳುವ ‘ಇಂಗ್ಲೀಝಿ’ ಎಂಬ ಪದವೂ ಕೂಡಿ ಹುಟ್ಟಿದ ಹೆಸರು ಅದು. ಈಜಿಪ್ಟಿನವರು ಇದನ್ನೇ ‘ಫ್ರಾಂಕೊ’ ಎನ್ನುತ್ತಾರೆ. ಗೆಳೆಯರ ಹರಟೆಯಲ್ಲಿ ಈ ಬರಹದಿಂದ ಯಾವ ತೊಡಕೂ ಇಲ್ಲ. ಬರೆದವರು ಯಾರು, ಯಾವ ಊರಿನವರು, ಮಾತು ಯಾವುದರ ಮೇಲೆ ನಡೆದಿದೆ ಎಂಬುದೆಲ್ಲ ಓದುವವರಿಗೆ ಮೊದಲೇ ಗೊತ್ತಿರುತ್ತದೆ. ಅದೇ ಬರಹ ಎರಡು ಮೂರು ಪದಗಳ ಹುಡುಕಾಟವಾಗಿ ಶೋಧಯಂತ್ರದ ಮುಂದೆ ಬಂದಾಗ ಈ ಆಸರೆಗಳೆಲ್ಲ ಕಳಚಿ ಬೀಳುತ್ತವೆ. ಹುಡುಕುವವರು ಬರೆದದ್ದು ರೋಮನ್ ಲಿಪಿಯಲ್ಲಿ. ಅವರಿಗೆ ಬೇಕಾದ ಪುಟ ಇರುವುದು ಬಹುಮಟ್ಟಿಗೆ ಅರಬ್ಬಿ ಲಿಪಿಯಲ್ಲಿ. ಅವರು ಬಳಸಿದ್ದು ಮನೆಯ ಆಡುಮಾತು. ಪುಟದಲ್ಲಿರುವುದು ಗ್ರಾಂಥಿಕ ಅರಬ್ಬಿ.

ಈ ಬರಹ ಹುಟ್ಟಿದ್ದು ಶೋಕಿಗಾಗಿ ಅಲ್ಲ. ಕಂಪ್ಯೂಟರುಗಳ ಮೊದಲ ಸಾರ್ವತ್ರಿಕ ಅಕ್ಷರಸಂಕೇತವಾದ ಆಸ್ಕಿಯಲ್ಲಿದ್ದದ್ದು 128 ಚಿಹ್ನೆಗಳು ಮಾತ್ರ. ಅವುಗಳಲ್ಲಿ ಅರಬ್ಬಿಯ 28 ಅಕ್ಷರಗಳಿಗೆ ಜಾಗವಿರಲಿಲ್ಲ. ಇಂಟರ್ನೆಟ್ ಹರಟೆಕೋಣೆಗಳೂ ಮೊಬೈಲ್ ಫೋನುಗಳೂ ಅರಬ್ ದೇಶಗಳಿಗೆ ಬಂದಾಗ ಕೀಲಿಮಣೆಯ ಮೇಲಿದ್ದದ್ದು ಇಂಗ್ಲಿಷ್ ಅಕ್ಷರಗಳೇ. ಫೋನು ಅರಬ್ಬಿಯನ್ನು ಕಲಿತ ಮೇಲೂ ಖರ್ಚಿನ ಪ್ರಶ್ನೆ ಉಳಿಯಿತು. ರೋಮನ್ ಲಿಪಿಯ ಒಂದು ಎಸ್ಸೆಮ್ಮೆಸ್‌ನಲ್ಲಿ 160 ಅಕ್ಷರ ಹಿಡಿಸಿದರೆ, ಅರಬ್ಬಿ ಲಿಪಿಯಲ್ಲಿ ಹಿಡಿಸುವುದು 70 ಮಾತ್ರ. ಅದೇ ಮಾತಿಗೆ ಎರಡು ಸಂದೇಶದ ದುಡ್ಡು ತೆರಬೇಕಾದಾಗ ಜನ ಯಾವ ಲಿಪಿಯನ್ನು ಆರಿಸಿಕೊಂಡರು ಎಂದು ಹೇಳಬೇಕಾಗಿಲ್ಲ. ಜಾಲತಾಣದ ವಿಳಾಸಗಳ ಕತೆಯೂ ಹೀಗೆಯೇ. ಈಜಿಪ್ಟ್, ಸೌದಿ ಅರೇಬಿಯಾ, ಸಂಯುಕ್ತ ಅರಬ್ ಸಂಸ್ಥಾನಗಳಿಗೆ ಅರಬ್ಬಿ ಲಿಪಿಯಲ್ಲೇ ತಮ್ಮ ದೇಶದ ವಿಳಾಸಗುರುತು ದೊರೆತದ್ದು 2010ರಲ್ಲಿ. ಅಷ್ಟು ಹೊತ್ತಿಗೆ ಒಂದು ಇಡೀ ಪೀಳಿಗೆ ರೋಮನ್ ಅಕ್ಷರಗಳಲ್ಲಿ ಅರಬ್ಬಿ ಬರೆದು ಕೈ ಪಳಗಿಸಿಕೊಂಡಿತ್ತು.

ಅಂಕಿಗಳು ಬಂದದ್ದು ಇಂಗ್ಲಿಷಿನಲ್ಲಿಲ್ಲದ ದನಿಗಳಿಗಾಗಿ. ಗಂಟಲಿನ ಆಳದಿಂದ ಹೊರಡುವ ‘ಐನ್’ ಅಕ್ಷರಕ್ಕೆ 3 ಎಂದು ಬರೆಯುತ್ತಾರೆ. ಆ ಅಕ್ಷರವನ್ನು ಕನ್ನಡಿಯಲ್ಲಿ ಹಿಡಿದರೆ ಕಾಣುವುದು 3ರ ಆಕಾರವೇ. ಗಂಟಲನ್ನು ಬಿಗಿದು ನುಡಿಯುವ ‘ಹಾ’ ಅಕ್ಷರಕ್ಕೆ 7. ದನಿಯನ್ನು ಗಂಟಲಲ್ಲೇ ತಡೆದು ಬಿಡುವ ‘ಹಮ್ಝಾ’ಕ್ಕೆ 2. ದಪ್ಪ ‘ತಾ’ಕ್ಕೆ 6. ‘ಖಾ’ ಅಕ್ಷರಕ್ಕೆ ಕೆಲವರು 7ರ ಪಕ್ಕ ಒಂದು ಚುಕ್ಕೆಗೀಟು ಹಾಕುತ್ತಾರೆ, ಹಲವರು 5 ಬರೆಯುತ್ತಾರೆ. ಈ 5ಕ್ಕೂ ಅಕ್ಷರದ ಆಕಾರಕ್ಕೂ ಸಂಬಂಧವಿಲ್ಲ. ಅರಬ್ಬಿಯಲ್ಲಿ ಐದಕ್ಕೆ ‘ಖಮ್ಸಾ’ ಎನ್ನುತ್ತಾರೆ, ಅದರ ಮೊದಲ ದನಿ ‘ಖಾ’. ಹೀಗೆ ‘ಹಬೀಬಿ’ ಎಂಬುದು ‘7ಅಬೀಬಿ’ ಆಗುತ್ತದೆ, ‘ಅರಬಿ’ ಎಂಬುದು ‘3ಅರಬಿ’ ಆಗುತ್ತದೆ.

ಇಷ್ಟರಲ್ಲೇ ಇದೊಂದು ಕಟ್ಟುನಿಟ್ಟಾದ ಪದ್ಧತಿ ಎಂದುಕೊಳ್ಳುವಂತಿಲ್ಲ. 9 ಎಂಬ ಅಂಕಿಯನ್ನೇ ನೋಡಬಹುದು. ಕೊಲ್ಲಿ ದೇಶದವರು ಅದನ್ನು ‘ಸಾದ್’ ಎಂಬ ದಪ್ಪ ಸಕಾರಕ್ಕೆ ಬಳಸುತ್ತಾರೆ. ಬೆಳಗು ಎಂಬ ಅರ್ಥದ ‘ಸಬಾಹ್’ ಅವರ ಕೈಯಲ್ಲಿ 9ರಿಂದ ಶುರುವಾಗಿ 7ರಲ್ಲಿ ಮುಗಿಯುತ್ತದೆ. ಮೊರಾಕ್ಕೊದವರಿಗೆ ಅದೇ 9 ಎಂದರೆ ನಾಲಗೆಯ ಬುಡದಿಂದ ಬರುವ ‘ಕಾಫ್’. ಅವರ ‘9ಅಹ್ವಾ’ ಎಂದರೆ ಕಾಫಿ. ‘ಸಿ’ ಮತ್ತು ‘ಎಚ್’ ಎಂಬ ಇಂಗ್ಲಿಷ್ ಜೋಡಿಯೂ ಹಾಗೆಯೇ. ಫ್ರೆಂಚರ ಆಳ್ವಿಕೆಯಲ್ಲಿದ್ದ ಮೊರಾಕ್ಕೊ, ಅಲ್ಜೀರಿಯ, ಟುನೀಸಿಯಗಳಲ್ಲಿ ಅದು ‘ಶ’. ಲೆಬನಾನಿನಲ್ಲೂ ಬಹಳ ಮಂದಿಗೆ ಹಾಗೆಯೇ. ಕುವೈತ್ ಮತ್ತು ಇರಾಕಿನವರಿಗೆ ಅದು ನಿಜಕ್ಕೂ ‘ಚ’, ಏಕೆಂದರೆ ಅಲ್ಲಿಯ ಆಡುಮಾತಿನಲ್ಲಿ ಸಾದಾ ‘ಕ’ ಎಷ್ಟೋ ಪದಗಳಲ್ಲಿ ‘ಚ’ ಆಗಿದೆ. ಬರಹ ಒಂದೇ, ಅಕ್ಷರ ಬೇರೆ. ಆದ್ದರಿಂದ ಅರಬೀಝಿಯನ್ನು ತಪ್ಪು ಕಾಗುಣಿತದ ಅರಬ್ಬಿ ಎಂದು ತಿಳಿಯುವುದೇ ಮೊದಲ ತಪ್ಪು. ಅದು ಒಬ್ಬ ವ್ಯಕ್ತಿಯ ಉಚ್ಚಾರಣೆಯ ದಾಖಲೆ. ಹುಡುಕುವವರಿಗೆ ಏನು ಬೇಕು ಎಂಬುದರ ಜೊತೆಗೆ ಅವರು ಎಲ್ಲಿಯವರು ಎಂಬುದನ್ನೂ ಅದು ಹೊತ್ತು ತರುತ್ತದೆ, ಮತ್ತು ಎರಡನೆಯದು ತಿಳಿಯದೆ ಮೊದಲನೆಯದು ಎಷ್ಟೋ ಸಲ ತಿಳಿಯುವುದಿಲ್ಲ.

ಅರಬ್ಬಿಯನ್ನು ರೋಮನ್ ಲಿಪಿಗೆ ತರುವ ಯೋಚನೆ ಫೋನಿಗಿಂತ ಹಳೆಯದು. ಈಜಿಪ್ಟಿನ ನ್ಯಾಯವೇತ್ತ ಅಬ್ದುಲ್ ಅಝೀಝ್ ಫಹ್ಮಿ 1940ರ ದಶಕದಲ್ಲಿ ಕೈರೊದ ಅರಬ್ಬಿ ಭಾಷಾ ಅಕಾಡೆಮಿಯ ಮುಂದೆ ಇಂಥದೊಂದು ಸಲಹೆಯನ್ನಿಟ್ಟರು, ಅದು ನಡೆಯಲಿಲ್ಲ. ಲೆಬನಾನಿನ ಕವಿ ಸಯೀದ್ ಅಕ್ಲ್ ತಾವೇ ಹೊಂದಿಸಿದ ರೋಮನ್ ಅಕ್ಷರಮಾಲೆಯಲ್ಲಿ ‘ಯಾರಾ’ ಎಂಬ ಕವಿತೆಗಳ ಪುಸ್ತಕವನ್ನು 1961ರಲ್ಲಿ ತಂದರು. ಅದನ್ನು ಹಿಂಬಾಲಿಸಿದವರು ಕಡಿಮೆ. ಅರಬ್ಬಿಯ ನೆಂಟ ಭಾಷೆಯಾದ ಮಾಲ್ಟೀಸ್ ಮಾತ್ರ ರೋಮನ್ ಲಿಪಿಯಲ್ಲೇ ನೆಲೆಯೂರಿ, 1934ರಲ್ಲಿ ಮಾಲ್ಟಾ ದ್ವೀಪದ ಅಧಿಕೃತ ಭಾಷೆಯಾಯಿತು. ಪಂಡಿತರೂ ಗ್ರಂಥಾಲಯಗಳೂ ಚುಕ್ಕೆ, ಗೀಟುಗಳನ್ನು ಹಾಕಿದ ಖಚಿತ ಲಿಪ್ಯಂತರ ಪದ್ಧತಿಗಳನ್ನು ಮಾಡಿಕೊಂಡಿದ್ದಾರೆ. ಟಿಮ್ ಬಕ್‌ವಾಲ್ಟರ್ ರೂಪಿಸಿದ ಪದ್ಧತಿಯಲ್ಲಿ ಒಂದು ಅರಬ್ಬಿ ಅಕ್ಷರಕ್ಕೆ ಒಂದೇ ಕೀಲಿ. ಕಂಪ್ಯೂಟರಿಗೆ ಅದು ಅಚ್ಚುಕಟ್ಟು. ಹುಡುಕುವ ಜನ ಇವು ಯಾವುದನ್ನೂ ಬಳಸುವುದಿಲ್ಲ. ಅಕಾಡೆಮಿಗಳು ಯೋಜಿಸಿದ್ದು ನಿಲ್ಲದೆ, ಹುಡುಗರು ಫೋನಿನ ಮೇಲೆ ಗೀಚಿದ್ದು ನಿಂತಿತು.

ಹುಡುಕಾಟದ ಮೊದಲ ಪ್ರಶ್ನೆ, ಬಂದ ಬರಹ ಅರಬ್ಬಿಯೇ ಅಲ್ಲವೇ ಎಂಬುದು. ರೋಮನ್ ಅಕ್ಷರಗಳನ್ನು ಕಂಡ ಕೂಡಲೇ ಯಂತ್ರ ಅದನ್ನು ಇಂಗ್ಲಿಷ್ ಎಂದು ಹಿಡಿಯುವುದು ಸಹಜ. ‘ಮೆನ್’ ಎಂದು ಓದಿಸಿಕೊಳ್ಳುವ ಮೂರಕ್ಷರ ಇಂಗ್ಲಿಷಿನಲ್ಲಿ ಗಂಡಸರು. ಅರಬೀಝಿಯಲ್ಲಿ ‘ಇಂದ’ ಎಂಬ ಅರ್ಥದ ‘ಮಿನ್’ ಅಥವಾ ‘ಯಾರು’ ಎಂಬ ಅರ್ಥದ ‘ಮೀನ್’. ‘ಮ್ಯಾಟ್’ ಎಂಬ ಚಾಪೆ ಅರಬ್ಬಿಯಲ್ಲಿ ‘ಮಾತ್’, ಎಂದರೆ ಸತ್ತ. ‘ಬೆಂಟ್’ ಎಂಬುದು ‘ಬಿಂತ್’, ಎಂದರೆ ಹುಡುಗಿ. ಇಂಗ್ಲಿಷಿನದು ಒಂದು ಪಾಡಾದರೆ ಅರಬ್ಬಿಯಿಂದ ಪದಗಳನ್ನು ಪಡೆದ ಭಾಷೆಗಳದು ಇನ್ನೊಂದು. ‘ಕಿತಾಬ್’ ಅರಬ್ಬಿಯೂ ಹೌದು, ಉರ್ದುವೂ ಹೌದು, ಇಂಡೊನೇಷಿಯನ್ನೂ ಹೌದು. ‘ಸೂರತ್’ ಎಂದು ಕೇಳಿಸುವ ಐದು ರೋಮನ್ ಅಕ್ಷರಗಳನ್ನು ತೆಗೆದುಕೊಂಡರೆ ತೊಡಕಿನ ಪೂರ್ಣ ಚಿತ್ರ ಸಿಗುತ್ತದೆ. ಸೀನ್ ಅಕ್ಷರದಿಂದ ಬರೆದರೆ ಅದು ಕುರಾನಿನ ಅಧ್ಯಾಯ. ಸಾದ್ ಅಕ್ಷರದಿಂದ ಬರೆದರೆ ಚಿತ್ರ, ಫೋಟೊ. ಇಂಡೊನೇಷಿಯದವರಿಗೆ ಅದೇ ಪದ ಎಂದರೆ ಕಾಗದಪತ್ರ. ಗುಜರಾತಿನವರಿಗೆ ಅದು ವಜ್ರಕ್ಕೂ ಸೀರೆಗೂ ಹೆಸರಾದ ಪಟ್ಟಣ. ಒಂಟಿ ಪದವಾಗಿ ಬಂದರೆ ಇದನ್ನು ಬಿಡಿಸಲು ದಾರಿಯಿಲ್ಲ. ಪಕ್ಕದಲ್ಲಿ ‘ಯಾಸೀನ್’ ಎಂದಿದ್ದರೆ ಅಧ್ಯಾಯ, ಫುಟ್‌ಬಾಲ್ ಆಟಗಾರನ ಹೆಸರಿದ್ದರೆ ಫೋಟೊ, ‘ಹೋಟೆಲ್’ ಎಂದಿದ್ದರೆ ಗುಜರಾತ್.

ಅಂಕಿಗಳು ಇಲ್ಲಿ ಒಳ್ಳೆಯ ಸುಳಿವು. ಅಕ್ಷರಗಳ ನಡುವೆ ಸಿಕ್ಕಿಕೊಂಡ 3 ಅಥವಾ 7 ಬೇರೆ ಯಾವ ಭಾಷೆಯಲ್ಲೂ ಅಷ್ಟಾಗಿ ಕಾಣುವುದಿಲ್ಲ. ಆದರೆ ಬೇರೆಯಾಗಿ ನಿಂತ 7 ಬರೀ ಏಳೇ ಇರಬಹುದು, ಧಾರಾವಾಹಿಯ ಏಳನೆಯ ಕಂತೇ ಇರಬಹುದು. ಹುಡುಕುವಾಗ ಜನ ಅಂಕಿಗಳನ್ನು ಬಿಟ್ಟುಬಿಡುವುದೂ ಉಂಟು.

ಅರಬ್ಬಿ ಎಂದು ಗೊತ್ತಾದ ಮೇಲೆ ಯಾವ ಪದ ಎಂಬುದು ಎರಡನೆಯ ಪ್ರಶ್ನೆ. ಅಂಕಿಯಿಲ್ಲದೆ ಬರೆದ ‘ಅಲಮ್’ ನಾಲ್ಕು ದಿಕ್ಕಿಗೆ ಎಳೆಯುತ್ತದೆ. ಹಮ್ಝಾದಿಂದ ಶುರುವಾದರೆ ನೋವು. ಐನ್‌ನಿಂದ ಶುರುವಾದರೆ ಬಾವುಟ. ಅದೇ ಐನ್‌ನ ಮುಂದೆ ದೀರ್ಘವಿದ್ದರೆ ‘ಆಲಮ್’, ಜಗತ್ತು. ಕೈರೊದವರು ಬರೆದಿದ್ದರೆ ಲೇಖನಿಯೂ ಆಗಬಹುದು. ಕನ್ನಡದ ಕಾನೂನು ಪುಸ್ತಕಗಳಲ್ಲಿ ‘ಕಲಂ’ ಆಗಿ ಕುಳಿತ ‘ಕಲಮ್’ ಎಂಬ ಪದದ ಮೊದಲ ದನಿಯನ್ನು ಕೈರೊದ ನಾಲಗೆ ನುಂಗಿ, ಅಲ್ಲಿ ಬರೀ ಹಮ್ಝಾವನ್ನು ಉಳಿಸುತ್ತದೆ. ಅಂಕಿ ಹಾಕಿದರೂ ತೊಡಕು ಪೂರ್ತಿ ತೀರುವುದಿಲ್ಲ: 3 ಹಾಕಿದರೆ ಬಾವುಟವೋ ಜಗತ್ತೋ, 2 ಹಾಕಿದರೆ ನೋವೋ ಲೇಖನಿಯೋ. ಆದರೆ ‘ಕಾಸ್’ ಎಂಬ ಬಟ್ಟಲು ಪಕ್ಕಕ್ಕೆ ಬಂತೆಂದರೆ ಎಲ್ಲ ಅನುಮಾನವೂ ಮುಗಿಯಿತು; ಅದು ವಿಶ್ವಕಪ್. 2022ರಲ್ಲಿ ಕತಾರಿನಲ್ಲಿ ವಿಶ್ವಕಪ್ ಫುಟ್‌ಬಾಲ್ ನಡೆದಾಗ ಬಾವುಟದ ಅರ್ಥವನ್ನು ಹಿಡಿದು ಕೂರುವ ಯಂತ್ರಕ್ಕೆ ಯಾರೂ ಕಿವಿಗೊಡುತ್ತಿರಲಿಲ್ಲ. ಪಕ್ಕದಲ್ಲಿ ‘ಮರ್ಸಾ’ ಎಂದಿದ್ದರೆ ಅದು ಕೆಂಪು ಸಮುದ್ರದ ದಡದಲ್ಲಿರುವ ಈಜಿಪ್ಟಿನ ಒಂದು ಪಟ್ಟಣ, ಮರ್ಸಾ ಅಲಮ್.

ಯಂತ್ರ ಈ ಕೆಲಸ ಮಾಡುವ ಬಗೆಯನ್ನು ಸರಳವಾಗಿಯೇ ಹೇಳಬಹುದು. ಪ್ರತಿ ರೋಮನ್ ಅಕ್ಷರಕ್ಕೂ ಯಾವ ಯಾವ ಅರಬ್ಬಿ ಅಕ್ಷರ ಒಪ್ಪಬಹುದು ಎಂದು ಪಟ್ಟಿಮಾಡಿ ಎಲ್ಲ ಜೋಡಣೆಗಳನ್ನೂ ಅದು ಮುಂದಿಟ್ಟುಕೊಳ್ಳುತ್ತದೆ. ‘ಸೂರಾ’ ಎಂಬುದರ ನಾಲ್ಕು ಅಕ್ಷರಗಳಲ್ಲಿ ಸಕಾರಕ್ಕೆ ಎರಡು ದಾರಿ. ಉಕಾರವನ್ನು ಬರೆಯದೆ ಬಿಡಬಹುದು ಅಥವಾ ‘ವಾವ್’ ಎಂದು ಬರೆಯಬಹುದು. ರಕಾರಕ್ಕೆ ಒಂದೇ ದಾರಿ. ಕೊನೆಯ ಅಕಾರ ಅಲಿಫ್ ಆಗಬಹುದು, ಐನ್ ಆಗಬಹುದು, ಸ್ತ್ರೀಲಿಂಗ ಸೂಚಿಸುವ ‘ತಾ ಮರ್ಬೂತಾ’ ಆಗಬಹುದು. ಇಷ್ಟಕ್ಕೇ 12 ರೂಪಗಳಾದವು. ಅಕ್ಷರ ಹೆಚ್ಚಿದಂತೆ ಸಂಖ್ಯೆ ಬೆಳೆಯುತ್ತ ಹೋಗುತ್ತದೆ. ಅವುಗಳಲ್ಲಿ ಬಹುಪಾಲು ಭಾಷೆಯಲ್ಲೇ ಇಲ್ಲದ ಪದಗಳು, ಅವು ತಾವಾಗಿ ಉದುರುತ್ತವೆ. ಉಳಿದವುಗಳಿಗೆ ಎರಡು ಅಳತೆ ಹಚ್ಚಲಾಗುತ್ತದೆ. ಈ ಅರಬ್ಬಿ ಪದ ಬರವಣಿಗೆಯಲ್ಲಿ ಎಷ್ಟು ಸಾರಿ ಬರುತ್ತದೆ ಎಂಬುದು ಒಂದು. ಈ ಪದವನ್ನು ರೋಮನ್‌ನಲ್ಲಿ ಬರೆಯುವವರು ಹೀಗೆಯೇ ಬರೆಯುವ ಸಂಭವ ಎಷ್ಟು ಎಂಬುದು ಇನ್ನೊಂದು. ಎರಡನ್ನೂ ಗುಣಿಸಿ ಬಂದ ಬೆಲೆಯ ಪ್ರಕಾರ ರೂಪಗಳನ್ನು ಸಾಲಾಗಿ ನಿಲ್ಲಿಸಲಾಗುತ್ತದೆ. ಜಪಾನಿ ಲಿಪಿಗೆ ಹೋದ ಇಂಗ್ಲಿಷ್ ಪದಗಳನ್ನು ಮರಳಿ ಹಿಡಿಯಲು ಕೆವಿನ್ ನೈಟ್ ಮತ್ತು ಜೊನಾಥನ್ ಗ್ರೇಲ್ ಎಂಬ ಸಂಶೋಧಕರು ಈ ಲೆಕ್ಕಾಚಾರವನ್ನು 1990ರ ದಶಕದ ಕೊನೆಗೆ ಕ್ರಮಬದ್ಧವಾಗಿ ವಿವರಿಸಿದರು. ಅರಬ್ಬಿ ಬರಹದಲ್ಲಿರುವ ವಿದೇಶಿ ಹೆಸರುಗಳಿಗೂ ಅದನ್ನು ಬೇಗನೆ ಅನ್ವಯಿಸಲಾಯಿತು.

ಅರಬ್ಬಿ ಲಿಪಿಗೆ ಬದಲಿಸುವುದರಿಂದ ದೊಡ್ಡ ಲಾಭವೊಂದಿದೆ. ದಿನಬಳಕೆಯ ಅರಬ್ಬಿಯಲ್ಲಿ ಹ್ರಸ್ವ ಸ್ವರಗಳನ್ನು ಬರೆಯುವುದಿಲ್ಲ. ಮುಹಮ್ಮದ್, ಮೊಹಮೆಡ್, ಮಹಮ್ಮದ್, ಎಂಹೆಚ್‌ಎಂಡಿ ಎಂದು ಯಾರು ಹೇಗೆ ಬರೆದರೂ ಅರಬ್ಬಿಯಲ್ಲಿ ಅದು ನಾಲ್ಕೇ ಅಕ್ಷರ. ಲಿಬಿಯದ ಸರ್ವಾಧಿಕಾರಿ ಗದ್ದಾಫಿಯ ಹೆಸರಿಗೆ ಅಮೆರಿಕದ ಎಬಿಸಿ ಸುದ್ದಿಸಂಸ್ಥೆ 2009ರಲ್ಲಿ 112 ಇಂಗ್ಲಿಷ್ ಕಾಗುಣಿತಗಳನ್ನು ಪಟ್ಟಿಮಾಡಿತ್ತು. ಆ ಹೆಸರಿನ ಮೊದಲಕ್ಷರವನ್ನು ಗ್ರಾಂಥಿಕ ಅರಬ್ಬಿ ‘ಕ’ದಂತೆಯೂ ಲಿಬಿಯದ ಜನ ‘ಗ’ದಂತೆಯೂ ನುಡಿಯುತ್ತಾರೆ, ನಡುವಿನ ದನಿಗೆ ಇಂಗ್ಲಿಷಿನಲ್ಲಿ ಸರಿಯಾದ ಅಕ್ಷರವಿಲ್ಲ. ಅರಬ್ಬಿಯಲ್ಲಿ ಆ ಹೆಸರಿಗೆ ಒಂದೇ ಬರಹ. ರೋಮನ್ ರೂಪಗಳ ಗುಂಪನ್ನೆಲ್ಲ ಅರಬ್ಬಿ ಲಿಪಿ ಲಾಳಿಕೆಯಂತೆ ಒಂದೇ ಧಾರೆಗೆ ಇಳಿಸುತ್ತದೆ.

ಹಾಗೆಂದು ರೋಮನ್ ಬರಹವನ್ನು ಕೈಬಿಡುವುದು ತಪ್ಪಾಗುತ್ತದೆ. ಇಲ್ಲೊಂದು ವಿಚಿತ್ರವಿದೆ: ಒರಟು ಎಂದು ಹೀಗಳೆಯುವ ಈ ಬರಹ ಕೆಲವೆಡೆ ಅರಬ್ಬಿ ಲಿಪಿಗಿಂತ ಸ್ಪಷ್ಟ. ‘3ಇಲ್ಮ್’ ಎಂದರೆ ವಿದ್ಯೆ, ವಿಜ್ಞಾನ. ‘3ಅಲಮ್’ ಎಂದರೆ ಬಾವುಟ. ರೋಮನ್‌ನಲ್ಲಿ ಸ್ವರಗಳು ಕಾಣುವುದರಿಂದ ಇವೆರಡೂ ಬೇರೆಯೆಂದು ಒಂದೇ ನೋಟಕ್ಕೆ ಗೊತ್ತಾಗುತ್ತದೆ. ಅರಬ್ಬಿ ಲಿಪಿಗೆ ಹೋದ ಕೂಡಲೇ ಎರಡಕ್ಕೂ ಅದೇ ಮೂರು ಅಕ್ಷರ. ಉಮರ್ ಮತ್ತು ಅಮ್ರ್ ಎಂಬ ಎರಡು ಹೆಸರುಗಳಿಗೂ ಇದೇ ಗೋಳು. ಅವು ಒಂದಾಗಿ ಹೋಗಬಾರದೆಂದೇ ಅರಬ್ಬಿ ಬರಹಗಾರರು ಹಿಂದಿನಿಂದಲೂ ಅಮ್ರ್ ಎಂಬುದರ ಕೊನೆಗೆ ಉಚ್ಚರಿಸದ ಒಂದು ‘ವಾವ್’ ಸೇರಿಸುತ್ತ ಬಂದಿದ್ದಾರೆ. ಆದ್ದರಿಂದ ಒಳ್ಳೆಯ ಶೋಧಯಂತ್ರ ಮೂಲ ಬರಹವನ್ನೂ ಬದಲಿಸಿದ ರೂಪಗಳನ್ನೂ ಒಟ್ಟಿಗೆ ಇಟ್ಟುಕೊಳ್ಳಬೇಕು. ಒಂದು ರೂಪವನ್ನು ಅವಸರದಲ್ಲಿ ಸರಿಯೆಂದು ತೀರ್ಮಾನಿಸಿ ಉಳಿದವನ್ನು ಎಸೆಯುವುದಕ್ಕಿಂತ, ನಾಲ್ಕಾರು ರೂಪಗಳನ್ನು ಪುಟಗಳ ರಾಶಿಯವರೆಗೂ ಒಯ್ದು, ಯಾವುದಕ್ಕೆ ಒಪ್ಪುವ ಪುಟಗಳು ನಿಜವಾಗಿ ಇವೆಯೋ ನೋಡಿ ಆರಿಸುವುದು ಮೇಲು. ಪದಕೋಶ ಕೊಡದ ತೀರ್ಪನ್ನು ಪುಟಗಳು ಕೊಡುತ್ತವೆ.

ಆಡುಮಾತಿನ ಭೇದ ಇಲ್ಲಿಯ ಅತ್ಯಂತ ಕಠಿಣ ಭಾಗ. ಗ್ರಾಂಥಿಕ ಅರಬ್ಬಿಗೂ ಮನೆಯ ಅರಬ್ಬಿಗೂ ಇರುವ ದೂರವನ್ನು ಅಮೆರಿಕದ ಭಾಷಾವಿಜ್ಞಾನಿ ಚಾರ್ಲ್ಸ್ ಫರ್ಗುಸನ್ 1959ರ ತಮ್ಮ ಹೆಸರಾಂತ ಲೇಖನದಲ್ಲಿ, ಒಂದೇ ಸಮಾಜದ ಎರಡು ಭಾಷಾಸ್ತರಗಳಿಗೆ ಮಾದರಿಯಾಗಿ ಎತ್ತಿಕೊಂಡರು. ಕಾಫಿಯ ಉದಾಹರಣೆಗೇ ಮರಳಿದರೆ, ಗ್ರಾಂಥಿಕದ ‘ಕಹ್ವಾ’ ಕೊಲ್ಲಿಯಲ್ಲಿ ‘ಗಹ್ವಾ’, ಕೈರೊದಲ್ಲಿ ‘2ಅಹ್ವಾ’, ಬೈರೂತ್‌ನಲ್ಲಿ ‘2ಅಹ್ವೆ’, ಮೊರಾಕ್ಕೊದಲ್ಲಿ ‘9ಅಹ್ವಾ’. ಐದೂ ಒಂದೇ ಅಕ್ಷರದಿಂದ ಶುರುವಾಗುವ ಒಂದೇ ಪದ. ‘ಜೀಮ್’ ಎಂಬ ಅಕ್ಷರ ಕೈರೊದಲ್ಲಿ ‘ಗ’, ಬೈರೂತ್‌ನಲ್ಲಿ ಮೃದುವಾದ ‘ಝ’, ಕೊಲ್ಲಿಯ ಕೆಲವೆಡೆ ‘ಯ’. ಕ್ರಿಕೆಟ್ ಕಾಮೆಂಟರಿ ಕೇಳಿದವರಿಗೆಲ್ಲ ಪರಿಚಿತವಾದ ಶಾರ್ಜಾ ಎಂಬ ಹೆಸರು ಬರಹದಲ್ಲಿ ‘ಶಾರಿಕಾ’. ಕೊಲ್ಲಿಯ ಆಡುಮಾತಿನಲ್ಲಿ ಗಂಟಲ ಕಾಫ್ ಕೆಲವು ಕಡೆ ‘ಜ’ ಆಗುವುದರಿಂದ ಹೊರಗಿನವರ ಕಿವಿಗೆ ಬಿದ್ದದ್ದು ಶಾರ್ಜಾ. ಮಂಗಳೂರು, ಭಟ್ಕಳದ ಕಡೆಯಿಂದ ಕೊಲ್ಲಿಗೆ ದುಡಿಯಲು ಹೋದವರು ಊರು, ಬೀದಿ, ಕಚೇರಿಗಳ ಹೆಸರನ್ನು ಕಿವಿಗೆ ಬಿದ್ದಂತೆ ಬರೆದು ಹುಡುಕುತ್ತಾರೆ; ಅವರ ಬರಹದಲ್ಲಿ ಕೊಲ್ಲಿಯ ಉಚ್ಚಾರಣೆಯ ಮೇಲೆ ಕರಾವಳಿಯ ನಾಲಗೆಯ ಗುರುತೂ ಸೇರಿಕೊಂಡಿರುತ್ತದೆ. ಅರಬರು ವಿದೇಶಿ ಪದವನ್ನು ಬರೆಯುವಾಗಲೂ ಈ ಭೇದವೇ ತಲೆಯೆತ್ತುತ್ತದೆ. ‘ಗೂಗಲ್’ ಎಂಬ ಹೆಸರಿನ ಗಕಾರವನ್ನು ಈಜಿಪ್ಟಿನವರು ಜೀಮ್‌ನಿಂದ, ಲೆಬನಾನಿನ ಸುತ್ತಮುತ್ತಲಿನ ಶಾಮ್ ಪ್ರದೇಶದವರು ‘ಗೈನ್’ ಎಂಬ ಅಕ್ಷರದಿಂದ, ಸೌದಿಯ ಹಲವರು ಗಂಟಲ ಕಾಫ್‌ನಿಂದ ಬರೆಯುತ್ತಾರೆ. ಹುಡುಕುವ ಯಂತ್ರದ ಹೆಸರಿಗೇ ಮೂರು ಬರಹ.

ಉಚ್ಚಾರಣೆಯ ಮಾತು ಹಾಗಿರಲಿ, ಪದಗಳೇ ಬೇರೆಯಾಗುತ್ತವೆ. ಯಾವುದನ್ನಾದರೂ ಮಾಡುವುದು ಹೇಗೆ ಎಂದು ಕೇಳಲು ಈಜಿಪ್ಟಿನವರು ‘ಇಝ್ಝಾಯ್’ ಎನ್ನುತ್ತಾರೆ, ಲೆಬನಾನಿನವರು ‘ಕೀಫ್’, ಇರಾಕಿನವರು ‘ಶ್ಲೋನ್’, ಮೊರಾಕ್ಕೊದವರು ‘ಕಿಫಾಶ್’. ಅಡುಗೆಯ ಪುಟವನ್ನು ಬರೆದವರು ಗ್ರಾಂಥಿಕದ ‘ಕೈಫ’ ಬಳಸಿರುತ್ತಾರೆ ಅಥವಾ ‘ಮಾಡುವ ವಿಧಾನ’ ಎಂದು ಶೀರ್ಷಿಕೆ ಕೊಟ್ಟಿರುತ್ತಾರೆ. ಲಿಪಿಯನ್ನು ಸರಿಯಾಗಿ ಬದಲಿಸಿ ‘ಇಝ್ಝಾಯ್’ ಎಂಬುದನ್ನು ಅರಬ್ಬಿ ಅಕ್ಷರಗಳಲ್ಲಿ ಹುಡುಕಿದರೂ ಆ ಪುಟ ಸಿಗುವುದಿಲ್ಲ. ಆದುದರಿಂದ ಲಿಪಿಯ ಸೇತುವೆ ದಾಟಿದ ಮೇಲೆ ಆಡುಮಾತಿನಿಂದ ಗ್ರಾಂಥಿಕಕ್ಕೆ ಇನ್ನೊಂದು ಸೇತುವೆ ಬೇಕು. ಆದರೆ ಇಂಥ ಚಿಕ್ಕ ಪದಗಳಿಂದ ಉಪಕಾರವೂ ಉಂಟು. ‘ದಾಬಾ’ ಎಂದು ಬರೆದವರು ಮೊರಾಕ್ಕೊದವರು, ‘ಹಲ್ಲ2’ ಎಂದವರು ಶಾಮ್ ಕಡೆಯವರು, ‘ದಿಲ್ವ2ತಿ’ ಎಂದವರು ಈಜಿಪ್ಟಿನವರು. ಮೂರಕ್ಕೂ ಅರ್ಥ ‘ಈಗ’ ಎಂದೇ. ಅಂಥ ಒಂದು ಪದ ಸಿಕ್ಕರೆ ಹುಡುಕಾಟದ ಉಳಿದ ಪದಗಳಲ್ಲಿರುವ 9 ಯಾವ ಅಕ್ಷರ, ‘ಸಿ-ಎಚ್’ ಯಾವ ದನಿ ಎಂಬುದೂ ಇತ್ಯರ್ಥವಾಗುತ್ತದೆ. ಇಂಥ ಪದಗಳನ್ನು ನಿರುಪಯುಕ್ತವೆಂದು ಮೊದಲೇ ಸೋಸಿ ಹಾಕುವ ಹಳೆಯ ಶೋಧಪದ್ಧತಿ ಅರಬೀಝಿಯ ಮಟ್ಟಿಗೆ ಕೈಯಲ್ಲಿದ್ದ ದೀಪವನ್ನೇ ಆರಿಸಿದಂತೆ.

ವ್ಯಾಕರಣದ ಅಂಟುಗಳು ಸಣ್ಣ ವಿಷಯ, ಆದರೂ ಬಿಡುವಂತಿಲ್ಲ. ಅರಬ್ಬಿಯ ‘ಅಲ್’ ಎಂಬ ಪೂರ್ವಪದ 28 ಅಕ್ಷರಗಳಲ್ಲಿ ಅರ್ಧದಷ್ಟರ ಮುಂದೆ ತನ್ನ ಲಕಾರವನ್ನು ಕಳೆದುಕೊಳ್ಳುತ್ತದೆ. ಬರೆಯುವುದು ‘ಅಲ್-ಶಮ್ಸ್’, ನುಡಿಯುವುದು ‘ಅಶ್ಶಮ್ಸ್’. ರೋಮನ್‌ನಲ್ಲಿ ಎಲ್-ಶಮ್ಸ್, ಎಶ್ಶಮ್ಸ್, ಅಶ್-ಶಮ್ಸ್ ಎಂಬ ಎಲ್ಲ ರೂಪಗಳೂ ಬರುತ್ತವೆ. ‘ಮತ್ತು’, ‘ಇಂದ’, ‘ಗೆ’ ಎಂಬ ಅರ್ಥದ ಅಕ್ಷರಗಳು ಪದದ ತಲೆಗೆ ಅಂಟಿಕೊಳ್ಳುತ್ತವೆ. ಅರಬ್ಬಿ ಬರೆಯುವವರೂ ಅಲಿಫ್ ಮೇಲಿನ ಹಮ್ಝಾವನ್ನು, ಕೊನೆಯ ‘ಯಾ’ದ ಚುಕ್ಕೆಗಳನ್ನು ಆಗಾಗ ಬಿಟ್ಟುಬಿಡುತ್ತಾರೆ. ಹೋಲಿಸುವ ಮುನ್ನ ಎರಡೂ ಕಡೆಯ ಇಂಥ ವ್ಯತ್ಯಾಸಗಳನ್ನು ಯಂತ್ರ ಸವರಿ ಸಮ ಮಾಡುತ್ತದೆ.

ಸಾರ್ವಜನಿಕರ ಕೈಗೆ ಉಪಕರಣಗಳು ಸಿಕ್ಕಿದ್ದು 2007ರಿಂದೀಚೆಗೆ. ಆ ವರ್ಷ ಹಬೀಬ್ ಹದ್ದಾದ್ ಮತ್ತು ಇಮಾದ್ ಜುರೈದಿನಿ ಎಂಬ ಲೆಬನಾನ್ ಮೂಲದ ತಂತ್ರಜ್ಞರು ‘ಯಮ್ಲಿ’ಯನ್ನು ತಂದರು, ಹೆಸರಿನ ಅರ್ಥ ‘ಹೇಳಿ ಬರೆಸುತ್ತಾನೆ’ ಎಂದು. ಅರಬ್ಬಿ ಕೀಲಿಮಣೆ ಇಲ್ಲದವರು ರೋಮನ್‌ನಲ್ಲಿ ಬರೆದರೆ ಅದು ಅರಬ್ಬಿ ರೂಪಗಳನ್ನು ಮುಂದಿಡುತ್ತಿತ್ತು, ಒಂದು ಹುಡುಕಾಟವನ್ನು ಹಲವು ರೂಪಗಳಲ್ಲಿ ನಡೆಸುವ ಸೌಲಭ್ಯವನ್ನೂ ಕೊಟ್ಟಿತು. 2009ರಲ್ಲಿ ಮೈಕ್ರೋಸಾಫ್ಟ್‌ನ ‘ಮಾರೆನ್’, ಗೂಗಲ್‌ನ ‘ತ3ರೀಬ್’ ಬಂದವು. ಗೂಗಲ್ ತನ್ನ ಉಪಕರಣದ ಹೆಸರಿನಲ್ಲೇ 3 ಸೇರಿಸಿದ್ದು ಬೀದಿಯ ಬರಹಕ್ಕೆ ಸಂದ ಮನ್ನಣೆಯೇ ಸರಿ. ಇವೆಲ್ಲ ಬರೆಯುವವರನ್ನೇ ಕೇಳಿ ಆರಿಸಿಕೊಳ್ಳುವ ಉಪಕರಣಗಳು. ಕೇಳದೆ ತಾನೇ ಓದಿಕೊಳ್ಳುವ ದಾರಿಯಲ್ಲಿ ದೋಹಾದ ಕತಾರ್ ಕಂಪ್ಯೂಟಿಂಗ್ ಸಂಶೋಧನಾ ಸಂಸ್ಥೆಯ ಕರೀಮ್ ದರ್ವೀಶ್ ಅವರ ಕೆಲಸ ಮುಖ್ಯವಾದದ್ದು. ಅವರು ಸಮಸ್ಯೆಯನ್ನು ಎರಡಾಗಿ ಒಡೆದರು: ಇಂಗ್ಲಿಷ್ ಬೆರೆತ ಬರಹದಲ್ಲಿ ಅರಬೀಝಿ ಪದ ಯಾವುದೆಂದು ಮೊದಲು ಹೆಕ್ಕುವುದು, ಆಮೇಲೆ ಅದನ್ನು ಅರಬ್ಬಿ ಲಿಪಿಗೆ ತರುವುದು. ಅಮೆರಿಕದ ಕೊಲಂಬಿಯ ವಿಶ್ವವಿದ್ಯಾಲಯದಲ್ಲಿ ನಿಝಾರ್ ಹಬಶ್ ಮತ್ತು ಸಂಗಡಿಗರು 2012ರಲ್ಲಿ ಆಡುಮಾತಿನ ಅರಬ್ಬಿಗೇ ಒಂದು ಒಪ್ಪಿತ ಕಾಗುಣಿತವನ್ನು ಪ್ರಸ್ತಾಪಿಸಿದರು. ಆಡುಮಾತಿಗೆ ಗೊತ್ತಾದ ಬರಹವಿಲ್ಲದಿದ್ದಾಗ ಬದಲಿಸಿದ ರೂಪ ಸರಿಯೋ ತಪ್ಪೋ ಎಂದು ಅಳೆಯುವುದಾದರೂ ಹೇಗೆ ಎಂಬ ಪ್ರಶ್ನೆಗೆ ಅದು ಉತ್ತರ. ಈಚಿನ ನರಜಾಲ ಮಾದರಿಗಳು ಕೈಯಿಂದ ಬರೆದ ಅಕ್ಷರಪಟ್ಟಿಗಳಿಲ್ಲದೆ, ಉದಾಹರಣೆಗಳಿಂದಲೇ ಕಲಿಯುತ್ತವೆ. ಉದಾಹರಣೆ ಹೇರಳವಾಗಿರುವ ಈಜಿಪ್ಟಿನಂಥ ಆಡುಮಾತಿನಲ್ಲಿ ಅವು ಚೆನ್ನಾಗಿ ನಡೆಯುವುದು, ಬರಹ ಕಡಿಮೆಯಿರುವ ಆಡುಮಾತುಗಳಲ್ಲಿ ಎಡವುವುದು ಸಹಜ.

ಭಾರತದಲ್ಲೂ ಇದೇ ಸಮಸ್ಯೆ ಇದೆ. ಕನ್ನಡವನ್ನು ರೋಮನ್ ಅಕ್ಷರಗಳಲ್ಲಿ ಬರೆದಾಗ ಕಲೆ, ಕಳೆ ಒಂದೇ ಆಗುತ್ತವೆ. ಭಾರತೀಯ ಭಾಷೆಗಳ ಮಾಹಿತಿ ಹುಡುಕಾಟವನ್ನು ಪರೀಕ್ಷಿಸುವ ‘ಫೈರ್’ ವೇದಿಕೆ 2013ರಲ್ಲಿ ಲಿಪ್ಯಂತರ ಹುಡುಕಾಟಕ್ಕೆಂದೇ ಒಂದು ಸಾಮೂಹಿಕ ಪ್ರಯೋಗವನ್ನು ಆರಂಭಿಸಿತು. ಗೂಗಲ್ 2020ರಲ್ಲಿ ಪ್ರಕಟಿಸಿದ ‘ದಕ್ಷಿಣ’ ಎಂಬ ಸಂಗ್ರಹದಲ್ಲಿ ಕನ್ನಡವೂ ಸೇರಿ 12 ದಕ್ಷಿಣ ಏಷ್ಯಾದ ಭಾಷೆಗಳ ರೋಮನ್ ಬರಹದ ಮಾದರಿಗಳಿವೆ. ಅರಬ್ಬಿಗೂ ಇಲ್ಲಿಯ ಭಾಷೆಗಳಿಗೂ ಇರುವ ವ್ಯತ್ಯಾಸ ಮುಖ್ಯವಾಗಿ ಸ್ವರದ್ದು. ಕನ್ನಡ ಲಿಪಿ ಸ್ವರಗಳನ್ನು ಬಿಡದೆ ಬರೆಯುತ್ತದೆ, ಆದ್ದರಿಂದ ರೋಮನ್‌ನಿಂದ ಕನ್ನಡಕ್ಕೆ ಬರುವಾಗ ಹ್ರಸ್ವವೋ ದೀರ್ಘವೋ ಎಂದು ಊಹಿಸಬೇಕು. ಅರಬ್ಬಿಗೆ ಹೋಗುವಾಗ ದೀರ್ಘವನ್ನು ಗುರುತಿಸಿದರೆ ಸಾಕು, ಹ್ರಸ್ವ ತಾನಾಗಿ ಮರೆಯಾಗುತ್ತದೆ.

ಲಿಪಿ, ಆಡುಮಾತು ಎರಡೂ ಬಗೆಹರಿದ ಮೇಲೂ ಉಳಿಯುವ ಅಸ್ಪಷ್ಟತೆಯೊಂದಿದೆ. ‘ಸುಕ್ಕರಿ’ ಎಂದು ಯಾರಾದರೂ ಬರೆದರೆ ಅದನ್ನು ಅರಬ್ಬಿಗೆ ತರುವುದು ಕಷ್ಟವಲ್ಲ. ಆದರೆ ಅದೇ ಅರಬ್ಬಿ ಪದ ಸಕ್ಕರೆ ಕಾಯಿಲೆಗೂ ಹೆಸರು, ಸೌದಿಯ ಕಸೀಮ್ ಸೀಮೆಯ ಸಿಹಿ ಖರ್ಜೂರದ ತಳಿಗೂ ಹೆಸರು, ಈಜಿಪ್ಟಿನ ಪೂರ್ವ ಮರುಭೂಮಿಯ ಚಿನ್ನದ ಗಣಿಗೂ ಹೆಸರು. ಇಲ್ಲಿ ಅಕ್ಷರದ ತಪ್ಪಿಲ್ಲ, ಅರ್ಥದ ಕವಲು ಮಾತ್ರ. ಪಕ್ಕದ ಪದವಿದ್ದರೆ ಅದು ದಾರಿ ತೋರುತ್ತದೆ. ಇಲ್ಲದಿದ್ದರೆ ಹುಡುಕಾಟ ಯಾವ ದೇಶದಿಂದ ಬಂತು, ಅದೇ ಕುಳಿತಲ್ಲಿ ಅದಕ್ಕೆ ಮುಂಚೆ ಏನು ಹುಡುಕಿದ್ದರು ಎಂಬುದನ್ನು ನೋಡಬಹುದು. ಕಾಯಿಲೆಯ ವಿಷಯದಲ್ಲಿ ಒಬ್ಬರ ಹಳೆಯ ಹುಡುಕಾಟಗಳನ್ನು ಕೆದಕುವುದು ಸರಿಯೇ ಎಂಬ ಪ್ರಶ್ನೆ ತಂತ್ರಜ್ಞಾನದ್ದಲ್ಲ, ಸಭ್ಯತೆಯದ್ದು. ಅಂಥಲ್ಲಿ ಕಡಿಮೆ ಊಹಿಸುವುದೇ ಲೇಸು. ಮೂರೂ ಅರ್ಥಗಳ ಪುಟಗಳನ್ನು ಮೊದಲ ತೆರೆಯಲ್ಲೇ ಬೆರೆಸಿ ತೋರಿಸಿದರೆ ಹುಡುಕುವವರು ತಾವೇ ಆರಿಸಿಕೊಳ್ಳುತ್ತಾರೆ. ಔಷಧಿಯ ಹೆಸರಿನಂಥ ಕಡೆ, ಒಂದಕ್ಷರ ತಪ್ಪಿದರೆ ಬೇರೆ ಮಾತ್ರೆಯೇ ಆಗಿಬಿಡಬಹುದಾದಲ್ಲಿ, ಯಂತ್ರ ತಾನಾಗಿ ತಿದ್ದದೆ ‘ನೀವು ಕೇಳಿದ್ದು ಇದನ್ನೇ?’ ಎಂದು ಅರಬ್ಬಿ ಲಿಪಿಯಲ್ಲಿ ತೋರಿಸಿ ಕೇಳಬೇಕು.

ಅರಬೀಝಿಯಂತೆ ಕಂಡರೂ ಅದಲ್ಲದ ಒಂದು ಬಗೆಯನ್ನೂ ಹೇಳಬೇಕು. ಕೀಲಿಮಣೆಯನ್ನು ಅರಬ್ಬಿಗೆ ಬದಲಿಸಲು ಮರೆತು ಟೈಪು ಮಾಡಿದರೆ ‘ಮುಹಮ್ಮದ್’ ಎಂಬ ಹೆಸರು ಎಲ್, ಪಿ, ಎಲ್ ಮತ್ತು ಒಂದು ಚೌಕ ಆವರಣಚಿಹ್ನೆಯಾಗಿ ಬೀಳುತ್ತದೆ. ಯಾರ ನಾಲಗೆಯೂ ಅದನ್ನು ನುಡಿಯಲಾರದು. ಇದು ಕಾಣಲು ಅತಿ ವಿಕಾರ, ಬಿಡಿಸಲು ಅತಿ ಸುಲಭ. ಪ್ರತಿ ಕೀಲಿಯ ಮೇಲಿರುವ ಅರಬ್ಬಿ ಅಕ್ಷರವನ್ನು ಹಾಕಿದರೆ ಮುಗಿಯಿತು. ಎರಡು ಬಗೆಗಳನ್ನು ಬೇರ್ಪಡಿಸಲು ಸ್ವರಗಳನ್ನು ನೋಡಿದರೆ ಸಾಕಾಗುತ್ತದೆ: ಅರಬೀಝಿಯಲ್ಲಿ ಉಚ್ಚರಿಸಬಲ್ಲ ಪದ ಕಾಣುತ್ತದೆ, ಇದರಲ್ಲಿ ಕಾಣುವುದಿಲ್ಲ.

ಯಂತ್ರ ಸರಿಯಾಗಿ ಓದಿತೇ ಎಂಬುದನ್ನು ತಿಳಿಸುವವರು ಹುಡುಕಿದ ಜನರೇ. ರೋಮನ್‌ನಲ್ಲಿ ಬರೆದು ಬೇಕಾದದ್ದು ಸಿಗದಿದ್ದಾಗ ಹಲವರು ತುಸು ಹೊತ್ತಿನಲ್ಲೇ ಅದನ್ನು ಅರಬ್ಬಿ ಲಿಪಿಯಲ್ಲಿ ಬರೆದು ಮತ್ತೆ ಹುಡುಕುತ್ತಾರೆ. ಹಾಗೆ ಅಕ್ಕಪಕ್ಕ ಬಂದ ಎರಡು ಬರಹಗಳು, ಯಾವ ರೋಮನ್ ರೂಪಕ್ಕೆ ಯಾವ ಅರಬ್ಬಿ ಪದ ಎಂಬುದಕ್ಕೆ ಅವರ ಕೈಯಿಂದಲೇ ಬಂದ ಉತ್ತರ. ಅಂಥ ಜೋಡಿಗಳನ್ನು ದೊಡ್ಡ ಸಂಖ್ಯೆಯಲ್ಲಿ, ಬರೆದವರ ಗುರುತನ್ನು ಅಳಿಸಿ, ದೇಶವಾರು ವಿಂಗಡಿಸಿ ಕಲಿಸಿದರೆ ಕಾಸಾಬ್ಲಾಂಕಾದ 9 ಯಾವುದು, ಕುವೈತಿನ 9 ಯಾವುದು ಎಂಬುದನ್ನು ಯಂತ್ರ ಬೇರೆ ಬೇರೆಯಾಗಿ ಕಲಿಯುತ್ತದೆ. ದೇಶವಾರು ವಿಂಗಡಿಸದೆ ಎಲ್ಲವನ್ನೂ ಕಲಸಿ ಕಲಿಸಿದರೆ, ಹೆಚ್ಚು ಜನ ಬರೆಯುವ ಆಡುಮಾತಿನ ರೂಢಿಯೇ ಉಳಿದವರ ಮೇಲೂ ಹೇರಿಕೆಯಾಗುತ್ತದೆ.